ಕಾಫಿ ತೋಟದ ವಲಸೆ ಕಾರ್ಮಿಕರ ನಡುವೆ ಕ್ಷೇತ್ರಕಾರ್ಯ: ಎಲ್ಲಿ ಉಳಿಯಬೇಕು, ಯಾರನ್ನು ವಲಸಿಗರೆಂದು ಎಣಿಸಬೇಕು?

ಪ್ರಶ್ನೆ: ಸಂಶೋಧನಾ ವಿದ್ಯಾರ್ಥಿನಿ, ಮೂಡಿಗೆರೆ

ಎಲ್ಲರಿಗೂ ನಮಸ್ಕಾರ. ನಾನು ಮಾನವಶಾಸ್ತ್ರದ ಸಂಶೋಧನಾ ವಿದ್ಯಾರ್ಥಿನಿ. ಮೂಡಿಗೆರೆಯಿಂದ ಹಾನುಬಾಳಿನ ಮೂಲಕ ಸಕಲೇಶಪುರಕ್ಕೆ ಹೋಗುವ ದಾರಿಯ ಆಚೀಚೆ ಇರುವ ಕಾಫಿ ತೋಟಗಳಿಗೆ ಅಸ್ಸಾಂ, ಪಶ್ಚಿಮ ಬಂಗಾಳ, ಜಾರ್ಖಂಡ್ ಕಡೆಯಿಂದ ದುಡಿಯಲು ಬರುತ್ತಿರುವ ಕುಟುಂಬಗಳ ಬದುಕು ಮತ್ತು ಅವರ ಬರುವಿಕೆಯಿಂದ ಇಲ್ಲಿಯೂ ಅವರ ಊರುಗಳಲ್ಲಿಯೂ ಆಗುತ್ತಿರುವ ಬದಲಾವಣೆ ನನ್ನ ಅಧ್ಯಯನದ ವಿಷಯ. ಅರೇಬಿಕಾ ಕುಯ್ಲು ಶುರುವಾದಾಗಿನಿಂದ ಇಲ್ಲೇ ಇದ್ದೇನೆ. ಮೂರು ಪ್ರಶ್ನೆಗಳು ನನ್ನನ್ನು ಬಿಡದೆ ಕಾಡುತ್ತಿವೆ. ಈ ಭಾಗವನ್ನು ಬಲ್ಲವರು ಇಲ್ಲಿದ್ದೀರಿ ಎಂಬ ನಂಬಿಕೆಯಿಂದ ಅವನ್ನು ನಿಮ್ಮ ಮುಂದಿಡುತ್ತಿದ್ದೇನೆ.

ಮೊದಲನೆಯದು, ನಾನು ಎಲ್ಲಿ ಉಳಿಯಬೇಕು ಎಂಬುದು. ಮಾಲೀಕರ ಒಪ್ಪಿಗೆಯಿಲ್ಲದೆ ತೋಟದೊಳಗೆ ಕಾಲಿಡುವಂತಿಲ್ಲ. ಒಪ್ಪಿಗೆ ಕೊಟ್ಟವರು ಆದರದಿಂದ ಬಂಗಲೆಯ ಒಂದು ಕೋಣೆಯನ್ನೂ ಬಿಟ್ಟುಕೊಡುತ್ತಾರೆ. ಆದರೆ ಬಂಗಲೆಯಿಂದ ಇಳಿದು ಕಾರ್ಮಿಕರ ಸಾಲು ಮನೆಗಳಾದ ಲೈನ್ ಮನೆಗಳ ಕಡೆ ಹೋದ ಕೂಡಲೇ ಅಲ್ಲಿನವರು ನನ್ನನ್ನು ಮಾಲೀಕರ ಕಡೆಯವಳೆಂದೇ ತಿಳಿದು, ಕೂಲಿ ಸರಿಯಾಗಿ ಬರುತ್ತಿದೆ, ಯಾವ ತೊಂದರೆಯೂ ಇಲ್ಲ ಎಂಬ ಒಂದೇ ಬಗೆಯ ಉತ್ತರ ಕೊಡುತ್ತಾರೆ. ತೋಟದ ಲೆಕ್ಕ ಬರೆಯುವ ರೈಟರು ಪಕ್ಕದಲ್ಲಿ ನಿಂತಿದ್ದರಂತೂ ಮಾತು ಎರಡನೆಯ ಪ್ರಶ್ನೆಯನ್ನು ದಾಟುವುದಿಲ್ಲ.

ಎರಡನೆಯದು ಕಾಲಕ್ಕೆ ಸಂಬಂಧಿಸಿದ್ದು. ರೊಬಸ್ಟಾ ಹಣ್ಣು ಮುಗಿಯುತ್ತಿದ್ದಂತೆ, ಫೆಬ್ರವರಿ ಮಾರ್ಚ್ ಹೊತ್ತಿಗೆ, ಬಹಳಷ್ಟು ಜನ ಊರಿಗೆ ಹೊರಡುತ್ತಾರೆ. ಕೆಲವರು ಮೆಣಸಿನ ಕೊಯ್ಲಿಗೆ, ನೆರಳಿನ ಮರಗಳ ಕೊಂಬೆ ಕಡಿಯುವ ಮರಗಸಿಗೆ ಉಳಿಯುತ್ತಾರೆ. ನಾನು ಹೋದವರ ಹಿಂದೆ ಹೋಗಬೇಕೇ, ಉಳಿದವರ ಜೊತೆ ಇರಬೇಕೇ?

ಮೂರನೆಯದು ನನಗೆ ಎಲ್ಲಕ್ಕಿಂತ ಕಷ್ಟವಾಗಿ ತೋರುತ್ತಿದೆ. ಇದೇ ಲೈನ್ ಮನೆಗಳಲ್ಲಿ, ಮನೆಯೊಳಗೆ ತುಳು ಅಥವಾ ತಮಿಳು ಮಾತನಾಡುವ, ಮೂರು ತಲೆಮಾರಿನಿಂದ ಇಲ್ಲೇ ಇರುವ ಕುಟುಂಬಗಳೂ ಇವೆ. ಅವರನ್ನು ಸ್ಥಳೀಯರೆಂದು ಬರೆದು ಬದಿಗಿಡಲು ಮನಸ್ಸು ಒಪ್ಪುತ್ತಿಲ್ಲ. ಸೇರಿಸಿಕೊಂಡರೆ ವಿಷಯ ಕೈಮೀರಿ ಹೋಗುತ್ತದೆ ಎಂದು ಮಾರ್ಗದರ್ಶಕರು ಎಚ್ಚರಿಸಿದ್ದಾರೆ. ಅನುಭವಸ್ಥರು ದಯವಿಟ್ಟು ತಿಳಿಸಿ.

ಉತ್ತರ: ನಿವೃತ್ತ ಸಮಾಜಶಾಸ್ತ್ರ ಅಧ್ಯಾಪಕ, ಹಾಸನ

ನಮಸ್ಕಾರ. ನೀವು ಮೊದಲು ಕೇಳಿರುವ ಪ್ರಶ್ನೆ ನಮ್ಮ ನಾಡಿನ ಕ್ಷೇತ್ರಕಾರ್ಯಕ್ಕೆ ಆರಂಭದಿಂದಲೂ ಅಂಟಿಕೊಂಡು ಬಂದದ್ದು. ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಅವರು 1948ರಲ್ಲಿ ಮೈಸೂರು ಸೀಮೆಯ ಹಳ್ಳಿಯೊಂದರಲ್ಲಿ ಅಧ್ಯಯನಕ್ಕೆ ನಿಂತಾಗ, ಊರ ಪಟೇಲರಿಗೆ ಸೇರಿದ, ಎತ್ತು ಕಟ್ಟುವ ಮನೆಯಲ್ಲಿ ಬಿಡಾರ ಮಾಡಿದ್ದರು. ಆ ಆಸರೆಯಿಂದ ಊರಿನ ದೊಡ್ಡ ಮನೆಗಳ ಬಾಗಿಲುಗಳು ಅವರಿಗೆ ತೆರೆದವು; ಅದೇ ಆಸರೆಯ ಕಾರಣದಿಂದ ದಲಿತರ ಮತ್ತು ಮುಸಲ್ಮಾನರ ಬದುಕು ಅಷ್ಟು ಹತ್ತಿರದಿಂದ ಕಾಣಲಿಲ್ಲ ಎಂಬುದನ್ನು ಅವರೇ ಮುಚ್ಚುಮರೆಯಿಲ್ಲದೆ ಹೇಳಿಕೊಂಡಿದ್ದಾರೆ. ಬಂಗಲೆಯಲ್ಲಿ ಉಳಿದರೆ ನಿಮಗೂ ಬಂಗಲೆಯ ಜಗಲಿಯಿಂದ ಕಾಣುವಷ್ಟೇ ತೋಟ ಕಾಣುತ್ತದೆ. ಹಾಗೆಂದು ಲೈನಿನಲ್ಲೇ ಉಳಿಯುವುದನ್ನೂ ನಾನು ಒಪ್ಪುವುದಿಲ್ಲ. ಕುಯ್ಲಿನ ಕಾಲದಲ್ಲಿ ಒಂದು ಬಾಗಿಲನ್ನು ನಿಮಗಾಗಿ ತೆರವು ಮಾಡಿದರೆ, ಅಲ್ಲಿ ಇರಬೇಕಾದ ಕುಟುಂಬ ಮತ್ತೊಂದು ಕುಟುಂಬದ ಜೊತೆ ಒಂದೇ ಕೋಣೆಯಲ್ಲಿ ಒತ್ತಿಕೊಂಡು ಮಲಗಬೇಕಾಗುತ್ತದೆ. ಹತ್ತಿರದ ಊರಿನ ಸಂತೆ ಬೀದಿಯಲ್ಲಿ ಒಂದು ಬಾಡಿಗೆ ಕೋಣೆ ಹಿಡಿಯಿರಿ. ಬಟವಾಡೆಯಾದ ಮೇಲೆ ಎಲ್ಲರೂ ಸಂತೆಗೆ ಬರುತ್ತಾರೆ. ಅಲ್ಲಿ ಅವರು ಯಾರ ಕೈಕೆಳಗಿನ ಆಳುಗಳೂ ಅಲ್ಲ. ತಮ್ಮ ದುಡ್ಡು ಹಿಡಿದು ಮೀನು, ತರಕಾರಿ, ಮಕ್ಕಳ ಬಟ್ಟೆ ಕೊಳ್ಳಲು ಬಂದವರು. ಮಾತು ಅಲ್ಲಿ ಹುಟ್ಟಬೇಕು, ಆಮೇಲೆ ಅದು ತಾನಾಗಿ ಲೈನಿನ ಜಗಲಿಗೆ ಬರುತ್ತದೆ.

ಮೂರನೆಯ ಪ್ರಶ್ನೆಗೆ ನನ್ನ ಉತ್ತರ ನಿಮ್ಮ ಮಾರ್ಗದರ್ಶಕರ ಅಭಿಪ್ರಾಯಕ್ಕಿಂತ ಬೇರೆಯಾಗಿದೆ. ಯಾವ ರಾಜ್ಯದವರನ್ನು ನೋಡಬೇಕು ಎಂದು ಗುಂಪು ಆರಿಸಿಕೊಂಡು ಹೊರಡುವ ಬದಲು ಒಂದು ಲೈನನ್ನು ಆರಿಸಿಕೊಳ್ಳಿ. ಹತ್ತೋ ಹನ್ನೆರಡೋ ಬಾಗಿಲುಗಳ ಒಂದೇ ಒಂದು ಸಾಲು ಸಾಕು. ಪ್ರತಿಯೊಂದು ಬಾಗಿಲಿನ ಹಿಂದೆ ಈಗ ಯಾರಿದ್ದಾರೆ, ಅವರಿಗಿಂತ ಮುಂಚೆ ಯಾರಿದ್ದರು, ಅವರನ್ನು ಕರೆತಂದ ಮೇಸ್ತ್ರಿ ಯಾರು, ಅವರು ಬಿಟ್ಟು ಹೋದದ್ದು ಯಾವಾಗ, ಹೋದದ್ದು ಎಲ್ಲಿಗೆ ಎಂದು ಕೇಳುತ್ತಾ ಹಿಂದಕ್ಕೆ ನಡೆಯಿರಿ. ಚಾರ್ಮಾಡಿ, ಶಿರಾಡಿ ಹತ್ತಿ ಬಂದ ಘಟ್ಟದ ಕೆಳಗಿನವರು, ತಮಿಳು ಸೀಮೆಯವರು, ಬಯಲುಸೀಮೆಯ ತಾಂಡಾಗಳಿಂದ ಬಂದವರು, ರಾಯಚೂರು ಕೊಪ್ಪಳದ ಕಡೆಯವರು, ಈಗ ಈಶಾನ್ಯದವರು, ಹೀಗೆ ಒಂದೇ ಗೋಡೆಯ ಆಸರೆಯಲ್ಲಿ ಒಬ್ಬರಾದ ಮೇಲೊಬ್ಬರು ಬಾಳಿದ್ದು ಕಾಣುತ್ತದೆ. ಆಗ ವಿಷಯ ಕೈಮೀರುವುದಿಲ್ಲ, ಏಕೆಂದರೆ ಅದರ ಗಡಿಯನ್ನು ಆ ಸಾಲಿನ ಗೋಡೆಗಳೇ ಹಾಕಿಕೊಡುತ್ತವೆ. ಯಾರು ವಲಸಿಗರು, ಯಾರು ಅಲ್ಲ ಎಂದು ನೀವು ಮೊದಲೇ ತೀರ್ಮಾನಿಸಬೇಕಾಗಿಯೂ ಇಲ್ಲ.

ಈ ಕ್ರಮದಲ್ಲಿ ಇನ್ನೊಂದು ಲಾಭವಿದೆ. ಬಂದವರ ಜೊತೆಗೆ ಹೋದವರೂ ಲೆಕ್ಕಕ್ಕೆ ಸಿಗುತ್ತಾರೆ. 2001ರಿಂದ 2011ರ ನಡುವೆ ಕರ್ನಾಟಕದ ಜನಸಂಖ್ಯೆ ಶೇಕಡಾ 15ಕ್ಕಿಂತ ಹೆಚ್ಚು ಬೆಳೆದರೆ, ಚಿಕ್ಕಮಗಳೂರು ಜಿಲ್ಲೆಯ ಜನಸಂಖ್ಯೆ 11.4 ಲಕ್ಷದಿಂದ ತುಸು ಕೆಳಗಿಳಿಯಿತು. ಹೊರಗಿನಿಂದ ಇಷ್ಟು ಜನ ಬರುತ್ತಿದ್ದಾರೆಂದು ಎಲ್ಲರೂ ಮಾತನಾಡುವ ಜಿಲ್ಲೆಯಲ್ಲಿ ಹೀಗಾಗಿದೆ ಎಂಬುದನ್ನು ಗಮನಿಸಬೇಕು. ಮಲೆನಾಡಿನಲ್ಲಿ ಹುಟ್ಟುವ ಮಕ್ಕಳ ಸಂಖ್ಯೆ ಕಡಿಮೆಯಾದದ್ದು, 2005ರ ಕೊನೆಗೆ ಕುದುರೆಮುಖದ ಗಣಿ ಮುಚ್ಚಿ ಅಲ್ಲಿನ ಊರೇ ಬರಿದಾದದ್ದು, ಅದೇ ವರ್ಷಗಳಲ್ಲಿ ಕಾಫಿ ಬೆಲೆ ಕುಸಿದು ಓದಿದ ಮಕ್ಕಳು ಬೆಂಗಳೂರಿನ ಹಾದಿ ಹಿಡಿದದ್ದು, ಎಲ್ಲವೂ ಇದರಲ್ಲಿ ಸೇರಿವೆ. 2011ರ ಜನಗಣತಿಯವರು ಮನೆಮನೆಗೆ ಹೋದದ್ದು ಫೆಬ್ರವರಿಯಲ್ಲಿ, ಅಂದರೆ ಒಂದಷ್ಟು ಜನ ಇನ್ನೂ ತೋಟದಲ್ಲಿ, ಒಂದಷ್ಟು ಜನ ರೈಲಿನಲ್ಲಿ ಇರುವ ಕಾಲದಲ್ಲಿ. ಹಂಗಾಮಿಗೆ ಬಂದು ಹೋಗುವವರನ್ನು ಅಂಥ ಎಣಿಕೆ ಪೂರ್ತಿಯಾಗಿ ಹಿಡಿಯಲಾರದು. ನಿಮ್ಮಂಥವರ ಕೆಲಸದ ಅಗತ್ಯ ಇರುವುದೇ ಇಲ್ಲಿ.

ಹೋದವರ ಹಿಂದೆ ಹೋಗಬೇಕೇ ಎಂದು ಕೇಳಿದ್ದೀರಿ. ಹೋಗಬೇಕು. ಒಂದೇ ಊರಿನಲ್ಲಿ ಕೂತು ಮಾಡುವ ಕ್ಷೇತ್ರಕಾರ್ಯ ಚಲಿಸುವ ಜನರ ಅಧ್ಯಯನಕ್ಕೆ ಸಾಲದು ಎಂಬ ವಾದವನ್ನು ಮಾನವಶಾಸ್ತ್ರಜ್ಞ ಜಾರ್ಜ್ ಮಾರ್ಕಸ್ 1995ರಲ್ಲಿ ವಿವರವಾಗಿ ಮಂಡಿಸಿದರು. ಅಂದಿನಿಂದ ಜನರ, ವಸ್ತುಗಳ ಬೆನ್ನು ಹಿಡಿದು ಹಲವು ನೆಲೆಗಳಲ್ಲಿ ಕೆಲಸ ಮಾಡುವುದು ರೂಢಿಗೆ ಬಂದಿದೆ. ನಮ್ಮ ಪಕ್ಕದ ಮಂಡ್ಯದ್ದೇ ಒಂದು ಪಾಠವೂ ಇದೆ. ಮಾನವಶಾಸ್ತ್ರಜ್ಞೆ ಸ್ಕಾರ್ಲೆಟ್ ಎಪ್‌ಸ್ಟೈನ್ 1950ರ ದಶಕದ ನಡುವಿನಲ್ಲಿ ಅಲ್ಲಿನ ಎರಡು ಹಳ್ಳಿಗಳನ್ನು ಅಧ್ಯಯನ ಮಾಡಿ, 1970ರಲ್ಲಿ ಮತ್ತೆ ಅಲ್ಲಿಗೆ ಬಂದರು. ನಾಲೆಯ ನೀರು ಬಂದ ಹಳ್ಳಿಯವರು ಹೊಲಗದ್ದೆಯಲ್ಲೇ ಉಳಿದು ಬೆಳೆದರು, ಹಳೆಯ ಕಟ್ಟುಪಾಡುಗಳು ಬಹುಪಾಲು ಹಾಗೇ ನಿಂತವು. ನೀರು ಸಿಗದ ಹಳ್ಳಿಯವರು ಕೆಲಸ, ವ್ಯಾಪಾರ ಹುಡುಕಿಕೊಂಡು ಹೊರಗೆ ಹೋಗಬೇಕಾಯಿತು, ಅಲ್ಲಿ ಒಕ್ಕಲು ಮತ್ತು ಆಳುಗಳ ನಡುವಿನ ಸಂಬಂಧವೇ ಬದಲಾಯಿತು. ಆದ್ದರಿಂದ ವಲಸೆ ತಂದ ಬದಲಾವಣೆಯನ್ನು ಮೂಡಿಗೆರೆಯಲ್ಲಿ ಮಾತ್ರ ಹುಡುಕಬೇಡಿ. ಇಲ್ಲಿಂದ ಹೋದ ಹಣ ಅಲ್ಲಿ ಹೆಂಚಾಯಿತೇ, ತಂಗಿಯ ಮದುವೆಯಾಯಿತೇ, ಸಾಲ ತೀರಿತೇ, ಗೇಣಿಗೆ ಹಿಡಿದ ಭೂಮಿಯಾಯಿತೇ ಎಂಬುದನ್ನು ಅಲ್ಲಿಗೆ ಹೋಗಿಯೇ ನೋಡಬೇಕು.

ಕೊನೆಯದಾಗಿ ಒಂದು ಎಚ್ಚರಿಕೆ ಹೇಳಲೇಬೇಕು. ಗುರುತಿನ ಚೀಟಿ ತೋರಿಸಿ ಎಂದು ಯಾರನ್ನೂ, ಯಾವ ಕಾರಣಕ್ಕೂ ಕೇಳಬೇಡಿ. ಅಸ್ಸಾಮಿನಲ್ಲಿ 2019ರ ಆಗಸ್ಟ್ 31ರಂದು ಪ್ರಕಟವಾದ ಪೌರರ ಪಟ್ಟಿಯಿಂದ (ಎನ್‌ಆರ್‌ಸಿ) 19 ಲಕ್ಷಕ್ಕೂ ಹೆಚ್ಚು ಜನ ಹೊರಗುಳಿದರು. ಕಾಗದ ಎಂಬ ಮಾತು ಕೇಳಿದರೆ ಆ ಕಡೆಯವರ ಎದೆ ಏಕೆ ನಡುಗುತ್ತದೆ ಎಂಬುದನ್ನು ಅರಿತು ಮಾತನಾಡಿ. ಅಸ್ಸಾಮಿನಿಂದ ಬಂದವರನ್ನೆಲ್ಲ ಒಂದೇ ಜನ ಎಂದೂ ತಿಳಿಯಬೇಡಿ. ಬ್ರಹ್ಮಪುತ್ರದ ಮರಳು ದಿಬ್ಬಗಳ ಮೇಲೆ, ವರ್ಷವರ್ಷವೂ ನೆಲ ಕೊಚ್ಚಿಹೋಗುವ ಕಡೆ ಬಾಳುವ ಬಂಗಾಳಿ ಮುಸಲ್ಮಾನರ ಕಥೆಯೇ ಬೇರೆ. ಬ್ರಿಟಿಷರ ಕಾಲದಲ್ಲಿ ಛೋಟಾನಾಗಪುರದಿಂದ ಚಹಾ ತೋಟಗಳಿಗೆ ಸಾಗಿಸಲ್ಪಟ್ಟ, ಇಂದಿಗೂ ಸಾದ್ರಿ ಮಾತನಾಡುವ ಆದಿವಾಸಿಗಳ ಕಥೆಯೇ ಬೇರೆ. ಎರಡನೆಯವರು ನಿಮಗೆ ಸಿಕ್ಕರೆ, ಒಂದು ತೋಟದಿಂದ ಇನ್ನೊಂದು ತೋಟಕ್ಕೆ ಹರಡಿದ ನೂರೈವತ್ತು ವರ್ಷದ ಚರಿತ್ರೆ ಒಂದೇ ಮನೆಯ ನೆನಪಿನಲ್ಲಿ ಸಿಗಬಹುದು.

ಉತ್ತರ: ಬೆಳೆಗಾರ, ಸಕಲೇಶಪುರ ತಾಲ್ಲೂಕು

ಅಧ್ಯಾಪಕರು ಬಂಗಲೆಯ ಬಗ್ಗೆ ಹೇಳಿದ್ದನ್ನು ನಾನು ತಪ್ಪಾಗಿ ತಿಳಿದುಕೊಂಡಿಲ್ಲ. ಆದರೆ ಬಂಗಲೆ ಎಂಬ ಚಿತ್ರ ಎಲ್ಲ ಬೆಳೆಗಾರರಿಗೂ ಹೊಂದುವುದಿಲ್ಲ ಎಂಬುದನ್ನು ವಿದ್ಯಾರ್ಥಿನಿಯವರು ಗಮನಿಸಬೇಕೆಂದು ಕೋರುತ್ತೇನೆ. ನಮ್ಮ ಕಾಫಿ ಹಿಡುವಳಿಗಳಲ್ಲಿ ಬಹುಪಾಲು 10 ಹೆಕ್ಟೇರಿಗಿಂತ ಚಿಕ್ಕವು. 1951ರ ತೋಟ ಕಾರ್ಮಿಕರ ಕಾಯಿದೆ ವಸತಿ, ನೀರು, ಔಷಧೋಪಚಾರ, ಶಿಶುವಿಹಾರ ಕೊಡಬೇಕೆಂದು ಹೇಳಿದ್ದು ದೊಡ್ಡ ತೋಟಗಳಿಗೆ. ಸಾಲು ಲೈನುಗಳು ಕಾಣುವುದೂ ಅಲ್ಲೇ. ನಾಲ್ಕೈದು ಎಕರೆಯವರ ಬಳಿ ಲೈನೇ ಇಲ್ಲ. ಅವರಲ್ಲಿಗೆ ಬರುವ ಕುಟುಂಬ ಕಣದ ಪಕ್ಕದ ಶೆಡ್ಡಿನಲ್ಲೋ ಹಳೆಯ ಗೋದಾಮಿನಲ್ಲೋ ಉಳಿಯುತ್ತದೆ, ಕೆಲಸ ಮುಗಿದ ಮೇಲೆ ಪಕ್ಕದವರ ತೋಟಕ್ಕೆ ಹೋಗುತ್ತದೆ. ಲೈನು ಒಂದನ್ನೇ ನೆಚ್ಚಿದರೆ ಈ ಜನ ನಿಮ್ಮ ಬರವಣಿಗೆಯಿಂದ ಜಾರಿಹೋಗುತ್ತಾರೆ.

ಹೊರಗಿನವರನ್ನು ನಾವು ಏಕೆ ಕರೆಸಿದೆವು ಎಂಬುದಕ್ಕೂ ಒಂದು ಹಿನ್ನೆಲೆ ಇದೆ. ಯಾವ ದೇಶ ಎಷ್ಟು ಕಾಫಿ ರಫ್ತು ಮಾಡಬಹುದೆಂದು ಗೊತ್ತುಮಾಡುತ್ತಿದ್ದ ಅಂತರರಾಷ್ಟ್ರೀಯ ಕಾಫಿ ಒಪ್ಪಂದದ ಕೋಟಾ ಪದ್ಧತಿ 1989ರಲ್ಲಿ ಮುರಿದುಬಿತ್ತು. ತೊಂಬತ್ತರ ದಶಕದಲ್ಲಿ, ಬೆಳೆಗಾರರ ಕಾಫಿಯನ್ನೆಲ್ಲ ಒಟ್ಟುಮಾಡಿ ತಾನೇ ಮಾರುತ್ತಿದ್ದ ಕಾಫಿ ಮಂಡಳಿಯ ಪೂಲ್ ಹಂತ ಹಂತವಾಗಿ ಸಡಿಲಗೊಂಡು, 1996ರ ಹೊತ್ತಿಗೆ ಬೆಳೆಗಾರ ತನ್ನ ಕಾಫಿಯನ್ನು ತಾನೇ ಮಾರುವಂತಾಯಿತು. ಮೊದಲ ಕೆಲವು ವರ್ಷ ಕೈತುಂಬ ಹಣ ಕಂಡೆವು. 2000ದ ನಂತರ ಬೆಲೆ ನೆಲಕಚ್ಚಿದಾಗ ವರ್ಷಪೂರ್ತಿ ಆಳುಗಳನ್ನು ಇಟ್ಟುಕೊಳ್ಳುವ ಶಕ್ತಿ ಅನೇಕರಿಗೆ ಉಳಿಯಲಿಲ್ಲ. ಲೈನಿನಲ್ಲಿದ್ದವರ ಮಕ್ಕಳು ಅದನ್ನು ನೋಡಿಕೊಂಡೇ ಬೆಳೆದರು, ಕೆಲವರು ಬೆಂಗಳೂರಿಗೆ, ಕೆಲವರು ಹಾಸನದ ಗಾರ್ಮೆಂಟ್ಸಿಗೆ ಹೋದರು. ಬೆಲೆ ಮತ್ತೆ ಚೇತರಿಸಿಕೊಂಡಾಗ ಹಣ್ಣು ಕುಯ್ಯಲು ಜನ ಇರಲಿಲ್ಲ. ಹಣ್ಣು ಗಿಡದಲ್ಲಿ ಒಣಗಿ ಉದುರುವುದನ್ನು ನೋಡಿದವನಿಗೆ, ಎಲ್ಲಿಂದಲಾದರೂ ಸರಿ, ಜನ ಬಂದರೆ ಸಾಕು ಎನ್ನಿಸುತ್ತದೆ.

ಹಳೆಯ ಮೇಸ್ತ್ರಿ ಊರೂರು ತಿರುಗಿ, ಮುಂಗಡ ಕೊಟ್ಟು, ಜನರನ್ನು ನಡೆಸಿಕೊಂಡು ಬರುತ್ತಿದ್ದ. ಈಗಿನ ಮೇಸ್ತ್ರಿ ಅವರಲ್ಲೇ ಒಬ್ಬ, ಮೊಬೈಲ್ ಹಿಡಿದ ಯುವಕ. ಒಂದು ಕರೆಯಲ್ಲಿ ಇಪ್ಪತ್ತು ಜನರನ್ನು ತರಿಸುತ್ತಾನೆ, ಮತ್ತೊಂದು ಕರೆಯಲ್ಲಿ ಕೆಜಿಗೆ ಒಂದು ರೂಪಾಯಿ ಹೆಚ್ಚು ಕೊಡುವ ತೋಟಕ್ಕೆ ಸಾಗಿಸಿಬಿಡುತ್ತಾನೆ. ಕೂಲಿಯ ದರ ಎಲ್ಲಿ, ಹೇಗೆ ತೀರ್ಮಾನವಾಗುತ್ತದೆ ಎಂದು ತಿಳಿಯಬೇಕಾದರೆ ಈತನನ್ನು ಮಾತನಾಡಿಸಿ. ನಾವು ಕೊಡುವ ಹಣದಲ್ಲಿ ಎಷ್ಟು ಕುಯ್ದವರ ಕೈಸೇರುತ್ತದೆ ಎಂಬುದನ್ನು ನಾನೂ ತಿಳಿಯಬಯಸುತ್ತೇನೆ. ಅದನ್ನು ನೀವು ನಿರ್ಭಯವಾಗಿ ಬರೆಯಬೇಕು.

ನಮ್ಮ ಮನೆಯಲ್ಲಿ ನಮ್ಮ ತಂದೆಯ ಕಾಲದ ಚೆಕ್‌ರೋಲ್ ಪುಸ್ತಕಗಳಿವೆ. ಹೆಸರು, ಹಾಜರಿ, ಕೊಟ್ಟ ಮುಂಗಡ, ಕಡಿತ, ಎಲ್ಲವೂ ಇದೆ. ಅಧ್ಯಾಪಕರು ಹೇಳಿದ ಬಾಗಿಲಿನ ಚರಿತ್ರೆಗೆ ಇದಕ್ಕಿಂತ ಒಳ್ಳೆಯ ಆಧಾರ ಇರಲಾರದು. ಅನೇಕ ತೋಟಗಳಲ್ಲಿ ಇಂಥ ಪುಸ್ತಕಗಳು ಗೆದ್ದಲಿಗೆ ಆಹಾರವಾಗುತ್ತಿವೆ, ಬೇಗ ಕೇಳಿ. ಕುಯ್ಲಿನ ಕಾಲದಲ್ಲಿ ಬಂದರೆ ಯಾರಿಗೂ ಪುರುಸೊತ್ತಿರುವುದಿಲ್ಲ, ಮಳೆಗಾಲದಲ್ಲಿ ಬನ್ನಿ. ಬೆಳಕು ಹರಿಯುವ ಮುನ್ನ ಮತ್ತು ಸಂಜೆಯ ನಂತರ ತೋಟದ ದಾರಿಯಲ್ಲಿ ಒಬ್ಬರೇ ನಡೆಯಬೇಡಿ. ಆಲೂರು, ಸಕಲೇಶಪುರ, ಮೂಡಿಗೆರೆ ಭಾಗದಲ್ಲಿ ಆನೆಗಳು ಯಾವ ತೋಟದಲ್ಲಿವೆ ಎಂದು ಕೇಳಿಕೊಂಡೇ ಆಳುಗಳು ಕೆಲಸಕ್ಕೆ ಇಳಿಯುತ್ತಾರೆ. ನೀವೂ ಹಾಗೆಯೇ ಮಾಡಬೇಕು.

ಉತ್ತರ: ಲೈನ್ ಮನೆಯಲ್ಲಿ ಬೆಳೆದವಳು, ಈಗ ಹಾಸನದಲ್ಲಿ ಶುಶ್ರೂಷಕಿ

ಈ ಚರ್ಚೆಯನ್ನು ಓದಿ ಸುಮ್ಮನಿರಲಾಗಲಿಲ್ಲ. ನಾನು ಹುಟ್ಟಿದ್ದು ಬಣಕಲ್ ಕಡೆಯ ಒಂದು ತೋಟದ ಲೈನಿನಲ್ಲಿ. ನಮ್ಮ ಅಜ್ಜ ಬೆಳ್ತಂಗಡಿ ಕಡೆಯಿಂದ ಮೇಸ್ತ್ರಿಯ ಮುಂಗಡ ಹಿಡಿದು ಚಾರ್ಮಾಡಿ ಹತ್ತಿ ಬಂದವರು. ಆ ಮುಂಗಡ ಎಂದೂ ಪೂರ್ತಿ ತೀರಲಿಲ್ಲ, ಆದ್ದರಿಂದ ಅವರು ವಾಪಸ್ಸು ಹೋಗಲಿಲ್ಲ. ನಮ್ಮ ಅಪ್ಪ ಚೆಕ್‌ರೋಲಿನಲ್ಲಿ ಹೆಸರಿದ್ದ ಖಾಯಂ ಕಾರ್ಮಿಕ. ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಪಕ್ಕದ ಬಾಗಿಲಿನವರ ಜೊತೆ ತಮಿಳು. ನಮ್ಮನ್ನು ವಲಸಿಗರೆಂದು ಎಣಿಸಬೇಕೇ ಎಂದು ನೀವು ಕೇಳಿದ್ದಕ್ಕೆ ನನ್ನ ಉತ್ತರ ಇಷ್ಟೇ: ಕೆಲಸವಿರುವ ತನಕ ಮಾತ್ರ ಮನೆ ಎಂಬ ನಿಯಮದಡಿ ಮೂರು ತಲೆಮಾರು ಬಾಳಿದವರನ್ನು ಎಣಿಸದೆ ಬಿಡುವುದಾದರೆ, ವಲಸೆಯನ್ನು ಅಧ್ಯಯನ ಮಾಡಿ ಪ್ರಯೋಜನವಿಲ್ಲ.

ನಮ್ಮಂಥವರ ಬದುಕಿನ ನಡುಗಂಬ ಕೂಲಿಯಲ್ಲ, ಮನೆ. ಅಪ್ಪನ ಕೈಕಾಲು ಸೋತಾಗ ಬಾಗಿಲು ಬಿಟ್ಟುಕೊಡುವ ಮಾತು ಬರುತ್ತದೆ. ಮಕ್ಕಳಲ್ಲಿ ಒಬ್ಬರಾದರೂ ತೋಟದ ಕೆಲಸಕ್ಕೆ ನಿಂತರೆ ಬಾಗಿಲು ಉಳಿಯುತ್ತದೆ, ಆದ್ದರಿಂದ ಓದಬಹುದಾಗಿದ್ದ ನಮ್ಮ ಅಣ್ಣ ಓದು ಬಿಟ್ಟು ಗಿಡದ ಬುಡಕ್ಕೆ ಇಳಿದ. ನಾನು ಓದಿದೆ. ನನ್ನ ಓದಿನ ಬೆಲೆಯನ್ನು ಅವನು ಕೊಟ್ಟಿದ್ದಾನೆ. ತಾಲ್ಲೂಕು ಕಚೇರಿಗಳ ಮುಂದೆ ನಿವೇಶನಕ್ಕಾಗಿ ಅರ್ಜಿ ಹಿಡಿದು ನಿಲ್ಲುವ ಹೆಂಗಸರಲ್ಲಿ ಎಷ್ಟು ಮಂದಿ ಲೈನಿನವರು ಎಂಬುದನ್ನು ಹೋಗಿ ನೋಡಿ. ಪಡಿತರ ಚೀಟಿಗೆ, ಓಟಿಗೆ ವಿಳಾಸ ಇದೆ, ಸಾಯುವ ತನಕ ಇರಬಹುದಾದ ಜಾಗ ಮಾತ್ರ ಇಲ್ಲ. ಈ ಭಯ ಹೊಸದಾಗಿ ಬಂದ ಅಸ್ಸಾಮಿನವರಿಗೆ ಇಲ್ಲ, ಏಕೆಂದರೆ ಅವರಿಗೆ ಹಿಂತಿರುಗಲು ಒಂದು ಊರಿದೆ. ನಮಗೆ ಅದೂ ಇಲ್ಲ. ಘಟ್ಟದ ಕೆಳಗೆ ನಮ್ಮನ್ನು ಗುರುತಿಸುವವರು ಈಗ ಯಾರೂ ಉಳಿದಿಲ್ಲ.

ದೇವರುಗಳನ್ನೂ ಕೇಳಿ. ನಮ್ಮ ಲೈನಿನ ಹಿಂದೆ ಹಲಸಿನ ಮರದ ಬುಡದಲ್ಲಿ ಅಜ್ಜ ನೆಟ್ಟ, ತುಳುನಾಡಿನ ದೈವ ಗುಳಿಗನ ಕಲ್ಲಿದೆ. ಅದಕ್ಕೆ ಮೊದಮೊದಲು ನಾವಷ್ಟೇ ಕೋಳಿ ಕೊಡುತ್ತಿದ್ದೆವು, ಆಮೇಲೆ ತಮಿಳಿನವರೂ ಹರಕೆ ಹೊತ್ತರು, ಈಗ ಕುಯ್ಲು ಶುರುವಾಗುವ ಮುನ್ನ ಮಾಲೀಕರ ಮನೆಯಿಂದಲೂ ತೆಂಗಿನಕಾಯಿ ಬರುತ್ತದೆ. ಹೊಸಬರಲ್ಲಿ ಮಗುವಿಗೆ ಜ್ವರ ಬಂದ ಒಬ್ಬ ತಾಯಿ ಅಲ್ಲಿ ದೀಪ ಹಚ್ಚಿದ್ದನ್ನು ನಮ್ಮ ಅಮ್ಮ ನೋಡಿದ್ದಾರೆ. ಊರ ಸುಗ್ಗಿಯಲ್ಲಿ ಲೈನಿನವರು ಎಲ್ಲಿ ನಿಲ್ಲುತ್ತಾರೆ, ಯಾವ ಪಂಕ್ತಿಯಲ್ಲಿ ಉಣ್ಣುತ್ತಾರೆ ಎಂಬುದನ್ನೂ ಗಮನಿಸಿ. ಜಾತಿ ಊರಿನಲ್ಲಿ ಒಂದು ರೀತಿ, ಲೈನಿನ ಒಳಗೆ ಇನ್ನೊಂದು ರೀತಿ ನಡೆಯುತ್ತದೆ. ಬಾವಿ ಒಂದೇ ಆದರೂ ಒಲೆ ಒಂದಲ್ಲ.

ಇನ್ನೊಂದನ್ನು ಮರೆಮಾಚದೆ ಹೇಳುತ್ತೇನೆ. ನಮ್ಮವರು ಹೊಸಬರನ್ನು ಪ್ರೀತಿಯಿಂದ ಕಾಣುತ್ತಾರೆಂದು ಬರೆಯಬೇಡಿ. ಇವರು ಬಂದ ಮೇಲೆ ನಮ್ಮ ಮಾತಿಗೆ ಬೆಲೆ ಹೋಯಿತು, ಬೋನಸ್ ಕೇಳಿದರೆ ಬೇರೆಯವರನ್ನು ತರಿಸುತ್ತೇವೆ ಎನ್ನುತ್ತಾರೆ ಎಂಬ ಸಿಟ್ಟು ನಮ್ಮವರಲ್ಲಿ ಇದೆ. ಅದೇ ಹೊತ್ತಿಗೆ 2020ರ ಮಾರ್ಚ್‌ನಲ್ಲಿ ದೇಶವೇ ಬಾಗಿಲು ಹಾಕಿಕೊಂಡು, ಮೇ ತಿಂಗಳಲ್ಲಿ ವಲಸೆ ಕಾರ್ಮಿಕರನ್ನು ಊರಿಗೆ ಕರೆದೊಯ್ಯುವ ಶ್ರಮಿಕ್ ರೈಲುಗಳು ಹೊರಡುವ ತನಕ ಇವರು ಸಿಕ್ಕಿಬಿದ್ದಾಗ, ಅಕ್ಕಿ ಹಂಚಿಕೊಂಡವರೂ ಅದೇ ಲೈನಿನ ನಮ್ಮ ಹೆಂಗಸರೇ. ಎರಡನ್ನೂ ಬರೆಯಿರಿ.

ಹೆಸರು ಬದಲಿಸಿದರೆ ಗುರುತು ಮರೆಯಾಗುತ್ತದೆ ಎಂದು ನಂಬಬೇಡಿ. ಗಂಡ ಸತ್ತ, ಇಬ್ಬರು ಹೆಣ್ಣುಮಕ್ಕಳಿರುವ, ನರ್ಸರಿಯಲ್ಲಿ ಕೆಲಸ ಮಾಡುವ ಹೆಂಗಸು ಎಂದು ಬರೆದರೆ ಆ ತೋಟದಲ್ಲಿ ಎಲ್ಲರಿಗೂ ಆಕೆ ಯಾರೆಂದು ತಿಳಿಯುತ್ತದೆ. ನೀವು ಬರೆದದ್ದನ್ನು ಮಾಲೀಕರು ಓದುತ್ತಾರೆ, ಕಾರ್ಮಿಕರು ಓದುವುದಿಲ್ಲ. ಅದನ್ನು ನೆನಪಿನಲ್ಲಿಟ್ಟು ಪ್ರತಿಯೊಂದು ಸಾಲನ್ನೂ ಬರೆಯಬೇಕೆಂದು ಕೇಳಿಕೊಳ್ಳುತ್ತೇನೆ.

ಉತ್ತರ: ಪ್ರಾಥಮಿಕ ಶಾಲಾ ಶಿಕ್ಷಕಿ, ಬಾಳೆಹೊನ್ನೂರು ಕಡೆ

ಭಾಷೆಯ ಬಗ್ಗೆ ಯಾರೂ ಹೇಳಿಲ್ಲವಾದ್ದರಿಂದ ಒಂದು ಮಾತು. ನವೆಂಬರಿನಲ್ಲಿ ಬಂದು ಸೇರುವ ಮಕ್ಕಳು ಸಂಕ್ರಾಂತಿಯ ಹೊತ್ತಿಗೆ ಕನ್ನಡ ಮಾತನಾಡತೊಡಗುತ್ತಾರೆ, ಪರೀಕ್ಷೆಗೆ ಮುಂಚೆ ಊರಿಗೆ ಹೋಗಿಬಿಡುತ್ತಾರೆ. ಆ ನಡುವಿನ ತಿಂಗಳುಗಳಲ್ಲಿ ಅಂಗಡಿ, ಆಸ್ಪತ್ರೆ, ಬ್ಯಾಂಕು, ಎಲ್ಲ ಕಡೆಯೂ ತಂದೆತಾಯಿಯ ಬಾಯಾಗಿ ನಿಲ್ಲುವವರು ಅವರೇ. ನಿಮಗೂ ಅವರನ್ನೇ ದುಭಾಷಿಗಳಾಗಿ ಬಳಸಿಕೊಳ್ಳುವ ಆಸೆ ಹುಟ್ಟುತ್ತದೆ, ದಯವಿಟ್ಟು ಬೇಡ. ತಾಯಿಗೆ ಆದ ಗರ್ಭಪಾತವನ್ನೋ ತಂದೆ ಮಾಡಿದ ಸಾಲವನ್ನೋ ಒಂಬತ್ತು ವರ್ಷದ ಮಗು ಅಪರಿಚಿತರ ಮುಂದೆ ಕನ್ನಡಕ್ಕೆ ತಿರುಗಿಸಿ ಹೇಳುವಂತಾಗಬಾರದು. ನೀವೇ ಬಂಗಾಳಿಯೋ ಸಾದ್ರಿಯೋ ಒಂದನ್ನು ಕಲಿಯಲು ಕೂರಿ. ಕಲಿಸಿ ಎಂದು ಆ ಹೆಂಗಸರನ್ನೇ ಕೇಳಿದರೆ ಸಂತೋಷದಿಂದ ಕಲಿಸುತ್ತಾರೆ, ಕೇಳುವವರೂ ಹೇಳುವವರೂ ಆಗ ಅದಲುಬದಲಾಗುತ್ತಾರೆ. ಶಾಲೆಯ ದಾಖಲಾತಿ ಪುಸ್ತಕ ಮುಖ್ಯೋಪಾಧ್ಯಾಯರ ಅನುಮತಿಯಿಂದ ನೋಡಲು ಸಿಗಬಹುದು. ಯಾವ ತಿಂಗಳಲ್ಲಿ ಎಷ್ಟು ಮಕ್ಕಳು ಬಂದರು, ಯಾವಾಗ ಗೈರುಹಾಜರಿ ಶುರುವಾಯಿತು ಎಂಬುದರಿಂದ ವಲಸೆಯ ಕಾಲಮಾನ ಸ್ಪಷ್ಟವಾಗಿ ತಿಳಿಯುತ್ತದೆ. ಮಕ್ಕಳ ಹೆಸರುಗಳನ್ನು ಮಾತ್ರ ಬರೆದುಕೊಳ್ಳಬೇಡಿ.

ಪ್ರಶ್ನೆ ಕೇಳಿದವರ ಮರುಮಾತು

ಗುರುಗಳಿಗೂ, ಬೆಳೆಗಾರರಿಗೂ, ಶಿಕ್ಷಕಿಯವರಿಗೂ, ವಿಶೇಷವಾಗಿ ತಮ್ಮ ಮನೆಯ ಮಾತನ್ನು ಇಲ್ಲಿ ಹಂಚಿಕೊಂಡ ಅಕ್ಕನಿಗೂ ನನ್ನ ಕೃತಜ್ಞತೆಗಳು. ದೊಡ್ಡ ತೋಟವೊಂದರ ಒಂದು ಸಾಲು ಲೈನನ್ನು, ಅದರ ಪಕ್ಕದಲ್ಲೇ ಇರುವ ಚಿಕ್ಕ ಹಿಡುವಳಿಗಳ ಶೆಡ್ಡುಗಳನ್ನು ಒಟ್ಟಿಗೆ ತೆಗೆದುಕೊಳ್ಳುವುದೆಂದು ನಿರ್ಧರಿಸಿದ್ದೇನೆ. ಒಂದೇ ಮೇಸ್ತ್ರಿಯ ಜನ ಎರಡೂ ಕಡೆ ಓಡಾಡುವುದರಿಂದ ಇವೆರಡನ್ನು ಬೇರ್ಪಡಿಸಿ ನೋಡುವುದು ಸರಿಯಾಗುವುದಿಲ್ಲ. ಸಂತೆ ಬೀದಿಯಲ್ಲಿ ಕೋಣೆ ನೋಡಿದ್ದಾಗಿದೆ. ಕುಯ್ಲು ಮುಗಿಸಿ ಹೊರಡುವ ಒಂದು ಕುಟುಂಬ, ತಮ್ಮ ಊರಿಗೆ ಬರುವಂತೆ ತಾವಾಗಿ ಕರೆದಿದೆ. ಕರೆದದ್ದರಿಂದಲೇ ಹೋಗುತ್ತೇನೆ. ಚೆಕ್‌ರೋಲ್ ನೋಡಲು ಮಳೆಗಾಲಕ್ಕೆ ಹಿಂತಿರುಗುತ್ತೇನೆ.

ಇನ್ನೂ ಒಂದು ಗೊಂದಲವಿದೆ. ಹಳೆಯ ಚೆಕ್‌ರೋಲ್‌ನಲ್ಲಿ ಯಾರ ಅಜ್ಜನಿಗೆ ಎಷ್ಟು ಮುಂಗಡ ಕೊಟ್ಟಿದ್ದರು, ಎಷ್ಟು ಬಾಕಿ ಉಳಿದಿತ್ತು ಎಂಬುದು ದಾಖಲಾಗಿರುತ್ತದೆ. ಆ ಮಾಹಿತಿ ಮಾಲೀಕರ ಪುಸ್ತಕದಲ್ಲಿದ್ದರೂ ಅದು ಆ ಕುಟುಂಬದ ಸ್ವಂತ ವಿಷಯ. ಮೊದಲು ಯಾರ ಅನುಮತಿ ಕೇಳಬೇಕು?

ಉತ್ತರ: ನಿವೃತ್ತ ಸಮಾಜಶಾಸ್ತ್ರ ಅಧ್ಯಾಪಕ, ಹಾಸನ

ಇಬ್ಬರದೂ ಬೇಕು. ಪುಸ್ತಕ ತೆರೆಯಲು ಮಾಲೀಕರ ಅನುಮತಿ, ಅದರಲ್ಲಿರುವ ಹೆಸರನ್ನು ಬಳಸಲು ಆ ಮನೆಯವರ ಅನುಮತಿ. ಅದಕ್ಕಿಂತಲೂ ಮುಖ್ಯವಾದದ್ದು, ಪುಟದ ಚಿತ್ರ ತೆಗೆದುಕೊಂಡು ಆ ಮನೆಯವರಿಗೆ ಮೊದಲು ತೋರಿಸಿ, ಓದಿ ಹೇಳಿ. ಅಜ್ಜನ ಹೆಸರನ್ನು ಬರಹದಲ್ಲಿ ಕಾಣುವುದು ಅನೇಕರಿಗೆ ಅದೇ ಮೊದಲ ಸಲವಾಗಿರುತ್ತದೆ, ಬಾಕಿಯ ಅಂಕಿಗಳ ಬಗ್ಗೆ ಅವರ ಬಳಿ ಬೇರೆಯೇ ಲೆಕ್ಕವಿದ್ದರೆ ಅದನ್ನೂ ಪುಸ್ತಕದ ಲೆಕ್ಕದ ಪಕ್ಕದಲ್ಲೇ ಬರೆದುಕೊಳ್ಳಿ. ಬೇಡ ಎಂದವರ ಪುಟವನ್ನು ಬಿಟ್ಟುಬಿಡಿ.

ಟಿಪ್ಪಣಿಗಳನ್ನು ಒಂದೇ ಕಡೆ ಇಡಬೇಡಿ. ನಾನು ಮೊದಲು ಹೆಸರಿಸಿದ ಶ್ರೀನಿವಾಸರು ವರ್ಷಗಟ್ಟಲೆ ಕೂತು ಸಂಸ್ಕರಿಸಿದ ಟಿಪ್ಪಣಿಗಳ ಪ್ರತಿಗಳೆಲ್ಲ 1970ರಲ್ಲಿ ಅಮೆರಿಕದ ಸ್ಟಾನ್‌ಫರ್ಡ್‌ನಲ್ಲಿ ಅವರ ಕೋಣೆಗೆ ಬಿದ್ದ ಬೆಂಕಿಗೆ ಆಹುತಿಯಾದವು. ಹೆಸರುಗಳ ಪಟ್ಟಿಯನ್ನು ಒಂದು ಪುಸ್ತಕದಲ್ಲಿ, ಮಾತುಗಳನ್ನು ಇನ್ನೊಂದರಲ್ಲಿ ಬರೆದು, ಎರಡನ್ನೂ ಬೇರೆ ಬೇರೆ ಊರುಗಳಲ್ಲಿಡಿ. ಒಂದು ಕಳೆದುಹೋಗಿ ಯಾರ ಕೈಗಾದರೂ ಸಿಕ್ಕಿದರೂ ಆ ಲೈನಿನ ಯಾರಿಗೂ ಅದರಿಂದ ತೊಂದರೆಯಾಗದಂತಿರಬೇಕು. ಮಳೆಗಾಲದಲ್ಲಿ ಬಂದಾಗ ಹಾಸನದಲ್ಲಿ ಇಳಿದು ಹೋಗಿ. ಬಾಗಿಲುಗಳ ಪಟ್ಟಿಯನ್ನು ಹೇಗೆ ಹಾಕುವುದೆಂದು ಕೂತು ನೋಡೋಣ.